ಕೇಸು ಹಾಕಲು ನೀವ್ಯಾರು?

ಯಾವ ನೇಮಕಾತಿಯ ಆಯ್ಕೆ ಪಟ್ಟಿ ಹೊರಬಿದ್ದರೂ ಹತ್ತು ನಿಮಿಷದೊಳಗೆ ನಮ್ಮ ಹಾಸ್ಟೆಲಿನ ವಾಟ್ಸಾಪ್ ಗುಂಪಿನಲ್ಲಿ ಒಂದು ಮಾತು ಬಂದೇ ಬರುತ್ತದೆ: “ಒಂದು ಪಿಐಎಲ್ ಜಡಿದುಬಿಡುವ ಮಾರಾಯ.” ಹೀಗೆ ಹೇಳುವವ ಆ ಪರೀಕ್ಷೆ ಬರೆದಿರುವುದಿಲ್ಲ. ಬರೆಯುವ ಅರ್ಹತೆಯೂ ಇನ್ನೂ ಬಂದಿರುವುದಿಲ್ಲ. ನಾಲ್ಕನೇ ಸೆಮಿಸ್ಟರಿನ ಮ್ಯಾಥ್ಸ್ ಬಾಕಿ ಉಂಟು, ಅದು ಬೇರೆ ವಿಷಯ. ಆದರೆ ಪಟ್ಟಿಯಲ್ಲಿ ಒಂದೇ ತಾಲೂಕಿನ ನಾಲ್ಕು ಹೆಸರು ಕಂಡರೆ ಸಾಕು, ಕೋರ್ಟಿಗೆ ಹೋಗಲು ಅವನು ತಯಾರು.

ಇದನ್ನು ಬರೆಯುತ್ತಿರುವ ನಾವು ಕನ್ನಡ ಸಂಘದ ಕೊನೆ ವರ್ಷದ ನಾಲ್ಕು ಜನ. ಸಿವಿಲ್‌ನವರು ಇಬ್ಬರು, ಎಲೆಕ್ಟ್ರಿಕಲ್ ಒಬ್ಬ, ಕಂಪ್ಯೂಟರ್ ಸೈನ್ಸ್ ಒಬ್ಬಳು. ಲಾ ಓದಿದವರು ಯಾರೂ ಇಲ್ಲ. ಆದರೂ ಈ ವಿಷಯಕ್ಕೆ ಕೈ ಹಾಕಲು ಕಾರಣ ಉಂಟು. ನಮ್ಮಲ್ಲಿ ಒಬ್ಬಳ ಅಕ್ಕನಿಗೆ ಬಂದ ಕೆಲಸವನ್ನು ಯಾರೋ ಸಂಬಂಧವೇ ಇಲ್ಲದವರು ಹಾಕಿದ ಅರ್ಜಿ 14 ತಿಂಗಳು ತಡೆದು ನಿಲ್ಲಿಸಿತು. ನಮ್ಮಲ್ಲೇ ಇನ್ನೊಬ್ಬನ ದೊಡ್ಡಪ್ಪನ ಮಗ ತನಗೆ ಸಿಗಬೇಕಾದ ಹುದ್ದೆ ಬೇರೆಯವರಿಗೆ ಹೋಯಿತು ಅಂತ ತಾನೇ ಅರ್ಜಿ ಹಾಕಿಕೊಂಡು ಓಡಾಡುತ್ತಿದ್ದಾನೆ. ಹಾಗಾಗಿ ಮೆಸ್ಸಿನ ಒಂದೇ ಮೇಜಿನಲ್ಲಿ ವಾದಿಯೂ ಇದ್ದಾರೆ, ಪ್ರತಿವಾದಿಯೂ ಇದ್ದಾರೆ. ಊಟ ತಣ್ಣಗಾದದ್ದು ಎಷ್ಟು ಸಲ ಅಂತ ಲೆಕ್ಕವಿಲ್ಲ.

ಮೊದಲು ನಮ್ಮೂರಿನ ಮಾತು. ನಮ್ಮಲ್ಲಿ ಇಬ್ಬರು ನಂದಿಕೂರಿನವರು. ಪಡುಬಿದ್ರಿಯಿಂದ ಕಾರ್ಕಳಕ್ಕೆ ಬರುವ ಬಸ್ಸಿನಲ್ಲಿ ಕಣ್ಣು ಮುಚ್ಚಿ ತೆಗೆಯುವಷ್ಟರಲ್ಲಿ ದಾಟಿಹೋಗುವ ಊರು, ಕೊಂಕಣ ರೈಲ್ವೆಯ ಒಂದು ಸಣ್ಣ ಸ್ಟೇಷನ್. ಆದರೆ ಕೋರ್ಟು, ಅರ್ಜಿ, ಆದೇಶ ಅನ್ನುವ ಶಬ್ದಗಳು ಅಲ್ಲಿನ ಮಕ್ಕಳಿಗೂ ಪರಿಚಯ. ಪಕ್ಕದ ಎಲ್ಲೂರಿನಲ್ಲಿ ಕಲ್ಲಿದ್ದಲು ಸುಡುವ 1200 ಮೆಗಾವ್ಯಾಟಿನ ಯುಪಿಸಿಎಲ್ ಸ್ಥಾವರ ಬಂದ ಮೇಲೆ ಹಾರುಬೂದಿ, ಬಾವಿಯ ಉಪ್ಪುನೀರು, ಮಲ್ಲಿಗೆ ಗಿಡದ ಮೇಲಿನ ಕಪ್ಪು, ಇವೇ ಮನೆಮನೆಯ ಮಾತು. ನಂದಿಕೂರು ಜನಜಾಗೃತಿ ಸಮಿತಿಯ ಅರ್ಜಿಯ ಮೇಲೆ ರಾಷ್ಟ್ರೀಯ ಹಸಿರು ನ್ಯಾಯಮಂಡಳಿ 2019ರ ಮಾರ್ಚಿನಲ್ಲಿ ಮಧ್ಯಂತರವಾಗಿ 5 ಕೋಟಿ ರೂಪಾಯಿ ಕಟ್ಟಲು ಕಂಪನಿಗೆ ಹೇಳಿತು. 2022ರಲ್ಲಿ ಪರಿಹಾರದ ಮೊತ್ತವನ್ನು ಸುಮಾರು 52 ಕೋಟಿ ಅಂತ ನಿಗದಿ ಮಾಡಿತು.

ಅಲ್ಲಿ ಯಾರೂ “ಸಮಿತಿಯವರೇ, ನೀವ್ಯಾರು?” ಅಂತ ಕೇಳಿ ಬಾಗಿಲು ಹಾಕಲಿಲ್ಲ. ಯಾಕೆ? 2010ರ ಹಸಿರು ನ್ಯಾಯಮಂಡಳಿ ಕಾಯ್ದೆಯೇ ನೊಂದ ಯಾವುದೇ ವ್ಯಕ್ತಿ, ಅಂಥವರನ್ನು ಪ್ರತಿನಿಧಿಸುವ ಸಂಘಟನೆ ಕೂಡ ಬರಬಹುದು ಅಂತ ಬಾಗಿಲು ತೆರೆದಿಟ್ಟಿದೆ. ಅದಕ್ಕಿಂತ ದೊಡ್ಡ ಕಾರಣ, ಗಾಳಿಗೆ ಒಡೆಯನಿಲ್ಲ. ಬಾವಿಯ ಒರತೆ ಒಬ್ಬರ ಜಾಗದಿಂದ ಇನ್ನೊಬ್ಬರ ಜಾಗಕ್ಕೆ ಹರಿಯುತ್ತದೆ. ಅಲ್ಲಿ ನಷ್ಟ ಎಲ್ಲರದ್ದೂ ಆದ್ದರಿಂದ ಯಾರು ಬಾಯಿಬಿಟ್ಟರೂ ಸರಿಯೇ.

ಇದನ್ನು ನೋಡುತ್ತಾ ಬೆಳೆದದ್ದರಿಂದಲೋ ಏನೋ, ಸಾರ್ವಜನಿಕರ ಯಾವ ವಿಷಯಕ್ಕೂ ಯಾರು ಬೇಕಾದರೂ ಅರ್ಜಿ ಹಾಕಬಹುದು ಎಂಬ ನಂಬಿಕೆ ನಮ್ಮಲ್ಲಿ ಗಟ್ಟಿಯಾಗಿದೆ. ಸರ್ಕಾರಿ ಹುದ್ದೆಯೂ ಸಾರ್ವಜನಿಕರದ್ದೇ ಅಲ್ವಾ, ಸಂಬಳ ನಮ್ಮ ತೆರಿಗೆಯಿಂದಲೇ ಅಲ್ವಾ, ಮತ್ತೆ ನಾವು ಕೇಳಬಾರದು ಅಂದರೆ ಏನರ್ಥ? ಕೇಳಲು ಚೆನ್ನಾಗಿಯೇ ಇದೆ. ಆದರೆ ಕೋರ್ಟು ಇದನ್ನು ಒಪ್ಪುವುದಿಲ್ಲ. ನಾವೂ ತುಂಬ ಜಗಳ ಆಡಿದ ಮೇಲೆ ಬಹುಮಟ್ಟಿಗೆ ಕೋರ್ಟಿನ ಪಕ್ಷಕ್ಕೇ ಬಂದೆವು. ಬಹುಮಟ್ಟಿಗೆ, ಪೂರ್ತಿಯಾಗಿ ಅಲ್ಲ.

ವಕೀಲರು ಇದಕ್ಕೆ ಲೋಕಸ್ ಸ್ಟಾಂಡೈ ಅನ್ನುತ್ತಾರೆ. ಲ್ಯಾಟಿನ್ ಶಬ್ದ, ನಿಲ್ಲುವ ಜಾಗ ಅಂತ ಅರ್ಥ. ತುಳುವಿನಲ್ಲಿ ಹೇಳಿದರೆ ಎರಡೇ ಶಬ್ದ: “ಈರ್ ಏರ್?” ನೀವು ಯಾರು? ಕೋರ್ಟಿನ ಒಳಗೆ ನಿಂತು ಮಾತಾಡಲು ನಿಮಗೆ ಜಾಗ ಉಂಟಾ?

1976ರಲ್ಲಿ ವರದಿಯಾದ ಗುಜರಾತಿನ ಒಂದು ಸಿನಿಮಾ ಟಾಕೀಸಿನ ಕೇಸಿನಿಂದ ಇದು ಚೆನ್ನಾಗಿ ಅರ್ಥವಾಗುತ್ತದೆ. ಜಸಭಾಯಿ ಮೋತಿಭಾಯಿ ದೇಸಾಯಿ ಎಂಬವರ ಟಾಕೀಸು ಇದ್ದ ಊರಿನಲ್ಲಿ ಇನ್ನೊಬ್ಬರು ಹೊಸ ಟಾಕೀಸು ಕಟ್ಟಲು ನಿರಾಕ್ಷೇಪಣಾ ಪತ್ರ ತಗೊಂಡರು. ಇವರು ಅದನ್ನು ಪ್ರಶ್ನಿಸಿ ಹೋದರು. ಸುಪ್ರೀಂ ಕೋರ್ಟು, ನಿಮ್ಮ ವ್ಯಾಪಾರ ಕಡಿಮೆಯಾಗಬಹುದು, ಆದರೆ ನಿಮ್ಮ ಯಾವ ಹಕ್ಕೂ ಮುರಿದಿಲ್ಲ ಅಂತ ವಾಪಸ್ ಕಳಿಸಿತು. ಆ ತೀರ್ಪಿನಲ್ಲಿ ಅರ್ಜಿ ಹಾಕುವವರನ್ನು ಮೂರು ಬಗೆಯಾಗಿ ವಿಂಗಡಿಸಿದ್ದಾರೆ: ನಿಜವಾಗಿ ನೊಂದವರು, ಹೊರಗಿನವರು, ಮತ್ತು ಊರ ಉಸಾಬರಿ ಹೊತ್ತವರು. ಮೂರನೆಯವರನ್ನು ಹೊಸ್ತಿಲಲ್ಲೇ ಗುರುತಿಸಿ ಹೊರಗೆ ಕಳಿಸಬೇಕು ಅಂತ ಕೋರ್ಟೇ ಹೇಳಿದೆ. ನಮ್ಮ ಪ್ರತಿಯೊಂದು ವಾಟ್ಸಾಪ್ ಗುಂಪಿನಲ್ಲೂ ಮೂರನೇ ಬಗೆಯ ಸದಸ್ಯರು ಎಷ್ಟಿದ್ದಾರೆ ಅಂತ ನೀವೇ ಲೆಕ್ಕ ಹಾಕಿ.

ಆಮೇಲೆ 1979ರಿಂದ ಶುರುವಾಗಿ ಗಾಳಿ ಬದಲಾಯಿತು. ಬಿಹಾರದ ಜೈಲುಗಳಲ್ಲಿ ವಿಚಾರಣೆಯೇ ಇಲ್ಲದೆ ಕೊಳೆಯುತ್ತಿದ್ದವರ ಪರವಾಗಿ ಬೇರೆಯವರು ಬಂದರೂ ಸುಪ್ರೀಂ ಕೋರ್ಟು ಕೇಳಿತು. 1981ರ ಎಸ್.ಪಿ. ಗುಪ್ತಾ ಪ್ರಕರಣದಲ್ಲಿ, ಬಡತನದಿಂದಲೋ ಅಸಹಾಯಕತೆಯಿಂದಲೋ ಸ್ವತಃ ಬರಲಾಗದವರ ಪರವಾಗಿ ಯಾರು ಬೇಕಾದರೂ ಬರಬಹುದು ಅಂತಾಯಿತು. ಪಿಐಎಲ್ ಹುಟ್ಟಿದ್ದು ಹೀಗೆ, ಬಾಯಿ ಇಲ್ಲದವರಿಗೆ ಬಾಯಿಯಾಗಲಿ ಅಂತ. ಈಗ ಯೋಚನೆ ಮಾಡಿ. ಬಿಇ ಮುಗಿಸಿ, ಎರಡು ವರ್ಷ ಕೋಚಿಂಗಿಗೆ ಹೋಗಿ, ಪರೀಕ್ಷೆ ಬರೆದು ಅರ್ಧ ಅಂಕದಲ್ಲಿ ಕೆಲಸ ತಪ್ಪಿಸಿಕೊಂಡವನಿಗೆ ಬಾಯಿ ಇಲ್ಲವಾ? ಅವನಿಗೆ ಇರುವಷ್ಟು ಬಾಯಿ ಬೇರೆ ಯಾರಿಗೂ ಇಲ್ಲ. ಅವನೇ ಸುಮ್ಮನಿದ್ದಾನೆ ಅಂದರೆ, ಅವನಿಗಿಂತ ಮುಂದೆ ಓಡುವವರು ಯಾರ ಪರವಾಗಿ ಓಡುತ್ತಿದ್ದಾರೆ?

ಸೇವಾ ವಿಷಯದಲ್ಲಿ, ಅಂದರೆ ನೇಮಕ, ಬಡ್ತಿ, ವರ್ಗಾವಣೆ, ಹಿರಿತನ ಇಂಥದರಲ್ಲಿ, ಪಿಐಎಲ್ ನಡೆಯುವುದಿಲ್ಲ ಎಂಬ ನಿಯಮ ಬಂದದ್ದು ಇಲ್ಲಿಂದ. 1998ರಲ್ಲಿ ಒಡಿಶಾದ ದುರ್ಯೋಧನ ಸಾಹು ಪ್ರಕರಣದಲ್ಲಿ ಸುಪ್ರೀಂ ಕೋರ್ಟು, ಆಡಳಿತ ನ್ಯಾಯಮಂಡಳಿಗಳಿಗೆ ಹೋಗಬೇಕಾದವರು ಆದೇಶದಿಂದ ನೊಂದವರು ಮಾತ್ರ, ದಾರಿಹೋಕರಲ್ಲ ಅಂತ ಹೇಳಿತು. 1985ರ ಕಾಯ್ದೆಯ 19ನೇ ಸೆಕ್ಷನ್ನಿನಲ್ಲೇ ಹಾಗಿದೆ. ನೌಕರರ ವ್ಯಾಜ್ಯ ಬೇಗ ಮುಗಿಯಲಿ ಅಂತ ಕಟ್ಟಿದ ನ್ಯಾಯಮಂಡಳಿಗೆ ಊರವರೆಲ್ಲ ಬಂದು ಕೂತರೆ ಅದನ್ನು ಕಟ್ಟಿದ ಉದ್ದೇಶವೇ ಹಾಳು.

ನಮ್ಮ ರಾಜ್ಯದ್ದೇ ಎರಡು ಪ್ರಕರಣ ಈ ಬಗ್ಗೆ ದೇಶದಾದ್ಯಂತ ಪಾಠದ ಹಾಗೆ ಓದಲ್ಪಡುತ್ತವೆ. ಮೊದಲನೆಯದು ಬೆಂಗಳೂರಿನ ಸೆಂಟ್ರಲ್ ಕಾಲೇಜಿನದ್ದು. 1959ರಲ್ಲಿ ಮೈಸೂರು ವಿಶ್ವವಿದ್ಯಾನಿಲಯ ಪ್ರೊಫೆಸರ್ ಮತ್ತು ರೀಡರ್ ಹುದ್ದೆಗಳಿಗೆ ಅರ್ಜಿ ಕರೆಯಿತು. ಇಂಗ್ಲಿಷ್ ರೀಡರ್ ಹುದ್ದೆ ಅಣ್ಣಯ್ಯಗೌಡರಿಗೆ ಸಿಕ್ಕಿತು. ಸಿ.ಡಿ. ಗೋವಿಂದರಾವ್ ಎಂಬವರು ಮೈಸೂರು ಹೈಕೋರ್ಟಿಗೆ ಹೋಗಿ ಎರಡು ಬೇಡಿಕೆ ಇಟ್ಟರು. ಒಂದು, ಅಣ್ಣಯ್ಯಗೌಡರು ಯಾವ ಅಧಿಕಾರದಿಂದ ಆ ಹುದ್ದೆಯಲ್ಲಿ ಕೂತಿದ್ದಾರೆ ಅಂತ ಕೇಳಬೇಕು. ಎರಡು, ಆ ಹುದ್ದೆಗೆ ತನ್ನನ್ನೇ ನೇಮಿಸಲು ಆದೇಶಿಸಬೇಕು. ಜಾಹೀರಾತಿನಲ್ಲಿ ಪ್ರಥಮ ದರ್ಜೆ ಅಥವಾ ಉತ್ತಮ ದ್ವಿತೀಯ ದರ್ಜೆಯ ಸ್ನಾತಕೋತ್ತರ ಪದವಿ ಬೇಕು ಅಂತ ಇತ್ತು. ಗೌಡರಿಗೆ ಎಂಎಯಲ್ಲಿ ಬಂದದ್ದು ಶೇಕಡಾ 50.2. ಇದು ಎಂಥ ಉತ್ತಮ ದ್ವಿತೀಯ ದರ್ಜೆ ಅಂತ ಹೈಕೋರ್ಟು ನೇಮಕವನ್ನೇ ರದ್ದು ಮಾಡಿತು.

ಪಾಯಿಂಟ್ ಎರಡಕ್ಕೂ ಜೀವ ಬಿಡುವ ನಾವು ಇಲ್ಲಿಯವರೆಗೆ ಹೈಕೋರ್ಟಿನ ಪಕ್ಷವೇ. ಆದರೆ ಗೌಡರಿಗೆ ಇಂಗ್ಲೆಂಡಿನ ಡರ್ಹಾಮ್ ವಿಶ್ವವಿದ್ಯಾನಿಲಯದ ಎಂಎ ಕೂಡ ಇತ್ತು. ಆಯ್ಕೆ ಮಂಡಳಿಯ ತಜ್ಞರು ಅದನ್ನು ಸಮಾನ ಅರ್ಹತೆ ಅಂತ ಪರಿಗಣಿಸಿದ್ದರು. 1963ರ ಆಗಸ್ಟ್ 26ರಂದು ಸುಪ್ರೀಂ ಕೋರ್ಟು ಹೈಕೋರ್ಟಿನ ಆದೇಶವನ್ನು ತಳ್ಳಿಹಾಕಿತು. ತೀರ್ಪು ಬರೆದವರು ನ್ಯಾಯಮೂರ್ತಿ ಪಿ.ಬಿ. ಗಜೇಂದ್ರಗಡ್ಕರ್. ತಜ್ಞರ ಮೇಲೆ ದುರುದ್ದೇಶದ ಆರೋಪವೇ ಇಲ್ಲದಿರುವಾಗ ಕೋರ್ಟು ಅವರ ಜಾಗದಲ್ಲಿ ಕೂತು ಅಂಕ ಎಣಿಸಬಾರದು ಎಂಬುದು ಅದರ ಸಾರ. ಅಣ್ಣಯ್ಯಗೌಡರು ಮುಂದೆ ಮೈಸೂರಿನಲ್ಲಿ ಇಂಗ್ಲಿಷ್ ಪ್ರಾಧ್ಯಾಪಕರಾಗಿ, ‘ಲಿಟರರಿ ಹಾಫ್ ಇಯರ್ಲಿ’ ಪತ್ರಿಕೆಯ ಸಂಪಾದಕರಾಗಿ ಹೆಸರು ಮಾಡಿದರು.

ಈ ತೀರ್ಪಿನಲ್ಲಿ ನಮಗೆ ಬೇಕಾದ ಮುಖ್ಯ ಸಂಗತಿ ಒಂದುಂಟು. ಕೋ ವಾರಂಟೊ ಎಂಬ ರಿಟ್ಟನ್ನು ಅದು ಬಿಡಿಸಿ ಹೇಳಿತು. “ಯಾವ ಅಧಿಕಾರದಿಂದ ಈ ಕುರ್ಚಿಯಲ್ಲಿ ಕೂತಿದ್ದೀರಿ?” ಎಂಬ ಪ್ರಶ್ನೆ ಅದು. ಇದನ್ನು ಯಾವ ನಾಗರಿಕನೂ ಕೇಳಬಹುದು, ಅವನಿಗೆ ವೈಯಕ್ತಿಕ ನಷ್ಟ ಆಗಿರಬೇಕಾಗಿಲ್ಲ. ಹಾಗಾದರೆ ಬಾಗಿಲು ತೆರೆದೇ ಉಂಟಲ್ಲ ಅನ್ನಬೇಡಿ. ಅದು ಸಾರ್ವಜನಿಕ ಹುದ್ದೆಯಾಗಿರಬೇಕು, ಮತ್ತು ಕೂತವರು ಕಾನೂನಿನ ಪ್ರಕಾರ ಕೂರುವಂತೆಯೇ ಇಲ್ಲ ಅಂತ ಸಾಬೀತಾಗಬೇಕು. ಇವರಿಗಿಂತ ಅವರು ಉತ್ತಮ, ಇವರ ಸಂದರ್ಶನಕ್ಕೆ ಹೆಚ್ಚು ಅಂಕ ಬಿತ್ತು, ಇದೆಲ್ಲ ಅಲ್ಲಿ ನಡೆಯುವುದಿಲ್ಲ.

ಎರಡನೆಯದು ಎಂಜಿನಿಯರುಗಳಾದ ನಮಗೆ ಇನ್ನೂ ಹತ್ತಿರದ್ದು. ಬೆಂಗಳೂರು ಬಿಟ್ಟು ರಾಜ್ಯದ ಉಳಿದ ಪಟ್ಟಣಗಳಿಗೆ ನೀರಿನ ಯೋಜನೆ ಮಾಡುವ ಕರ್ನಾಟಕ ನಗರ ನೀರು ಸರಬರಾಜು ಮತ್ತು ಒಳಚರಂಡಿ ಮಂಡಳಿ ಗೊತ್ತಲ್ಲ, ನಮ್ಮ ಸಿವಿಲ್‌ನವರ ಕನಸಿನ ಕಚೇರಿಗಳಲ್ಲಿ ಒಂದು. ಅದರ ವ್ಯವಸ್ಥಾಪಕ ನಿರ್ದೇಶಕರಾಗಿ ಬಿ. ಶ್ರೀನಿವಾಸ ರೆಡ್ಡಿಯವರನ್ನು ಸರ್ಕಾರ ಗುತ್ತಿಗೆ ಆಧಾರದ ಮೇಲೆ, ಮುಂದಿನ ಆದೇಶದವರೆಗೆ ಅಂತ ನೇಮಿಸಿತು. ಮಂಡಳಿಯ ನೌಕರರ ಸಂಘ ಪ್ರಶ್ನಿಸಿತು. ಹೈಕೋರ್ಟಿನಲ್ಲಿ ಸಂಘ ಗೆದ್ದಿತು. 2006ರ ಆಗಸ್ಟಿನಲ್ಲಿ ಸುಪ್ರೀಂ ಕೋರ್ಟಿನಲ್ಲಿ ಸೋತಿತು. ಸೇವಾ ವಿಷಯಕ್ಕೆ ಪಿಐಎಲ್ ಇಲ್ಲ, ಇದ್ದರೆ ಕೋ ವಾರಂಟೊ, ಅದೂ ಶಾಸನಬದ್ಧ ನಿಯಮವನ್ನು ಮುರಿದು ನೇಮಕ ಮಾಡಿದ್ದರೆ ಮಾತ್ರ ಅಂತ ಕೋರ್ಟು ಗೆರೆ ಎಳೆಯಿತು. ಈಗಲೂ ದೇಶದ ಯಾವ ಹೈಕೋರ್ಟಿನಲ್ಲಿ ಇಂಥ ಅರ್ಜಿ ಬಂದರೂ ಶ್ರೀನಿವಾಸ ರೆಡ್ಡಿ ಹೆಸರು ಬರುತ್ತದೆ. ನಮ್ಮ ನೀರಿನ ಮಂಡಳಿ ದೆಹಲಿಯ ಕಾನೂನು ಪುಸ್ತಕಗಳಲ್ಲಿ ಪ್ರಸಿದ್ಧವಾಗಿರುವುದು ನೀರಿನ ಕಾರಣಕ್ಕಲ್ಲ ನೋಡಿ.

ಈಗ ಅಕ್ಕನ ಕಥೆ. ಹೆಸರು, ಇಲಾಖೆ ಯಾವುದೂ ಬೇಡ ಅಂತ ಅವಳೇ ಹೇಳಿದ್ದಾಳೆ. ನಂದಿಕೂರಿನಿಂದ ಬಸ್ಸಿನಲ್ಲಿ ಹೋಗಿ ಡಿಪ್ಲೊಮಾ, ಆಮೇಲೆ ಲ್ಯಾಟರಲ್ ಎಂಟ್ರಿಯಲ್ಲಿ ಬಿಇ. ಒಂದು ಸರ್ಕಾರಿ ಸಂಸ್ಥೆಯ ಕಿರಿಯ ಎಂಜಿನಿಯರ್ ಹುದ್ದೆಗೆ ಆಯ್ಕೆಯಾದಳು. ಅಂತಿಮ ಪಟ್ಟಿ ಬಂತು, ಮೆಡಿಕಲ್ ಮುಗಿಯಿತು, ಪೊಲೀಸರು ಮನೆಗೆ ಬಂದು ನಡತೆ ವಿಚಾರಿಸಿಕೊಂಡೂ ಹೋದರು. ಆದೇಶದ ಪ್ರತಿ ಬರುವುದೊಂದೇ ಬಾಕಿ. ಇದ್ದ ಖಾಸಗಿ ಕೆಲಸಕ್ಕೆ ನೋಟಿಸ್ ಕೊಟ್ಟಾಗಿತ್ತು. ಅಷ್ಟರಲ್ಲಿ ಯಾರೋ ಒಬ್ಬರು ಅರ್ಜಿ ಹಾಕಿದರು, ನೇಮಕಕ್ಕೆ ತಡೆ ಬಂತು. ಆ ಯಾರೋ ಪರೀಕ್ಷೆ ಬರೆದವರಲ್ಲ, ಬರೆದವರ ಸಂಘದವರೂ ಅಲ್ಲ, ಎಂಜಿನಿಯರೂ ಅಲ್ಲ. ಆರೋಪ ಏನು ಅಂದರೆ ಆಯ್ಕೆಯಲ್ಲಿ ಅಕ್ರಮ ನಡೆದಿರುವ ಸಂಭವ ಉಂಟು. ಯಾವ ಅಭ್ಯರ್ಥಿ, ಯಾವ ಕೇಂದ್ರ, ಯಾವ ನಿಯಮ, ಒಂದೂ ಇರಲಿಲ್ಲ.

ನಮಗೆ ಅತಿ ಸಿಟ್ಟು ಬಂದದ್ದು ಬೇರೆ ವಿಷಯಕ್ಕೆ. ಅಕ್ಕನ ಹೆಸರು ಆ ಅರ್ಜಿಯಲ್ಲೇ ಇರಲಿಲ್ಲ. ಪಟ್ಟಿಯಲ್ಲಿದ್ದ ಯಾರ ಹೆಸರೂ ಇರಲಿಲ್ಲ. ಪ್ರತಿವಾದಿಗಳು ಸರ್ಕಾರ ಮತ್ತು ಸಂಸ್ಥೆ, ಅಷ್ಟೇ. ಯಾರ ಅನ್ನದ ತಟ್ಟೆ ಎಳೆಯುತ್ತಿದ್ದೀರೋ ಅವರನ್ನು ಕರೆಯದೆ ವಾದ ನಡೆಸಬಾರದು ಅಂತ ಸುಪ್ರೀಂ ಕೋರ್ಟು 1984ರಲ್ಲೇ, ಉತ್ತರ ಪ್ರದೇಶದ ಶಿಕ್ಷಕರ ಪ್ರಬೋಧ್ ವರ್ಮಾ ಪ್ರಕರಣದಲ್ಲಿ ಹೇಳಿದೆ. ಇದು ಅಕ್ಕನಿಗೆ ಗೊತ್ತಾದದ್ದು ವಕೀಲರ ಕಚೇರಿಯಲ್ಲಿ. ಅವಳೂ ಇನ್ನೂ ಕೆಲವರೂ ದುಡ್ಡು ಸೇರಿಸಿ ವಕೀಲರನ್ನಿಟ್ಟು, ನಮ್ಮನ್ನೂ ಕೇಳಿ ಸ್ವಾಮಿ ಅಂತ ತಾವಾಗಿಯೇ ಕೇಸಿನೊಳಗೆ ಸೇರಿಕೊಂಡರು. ಕೆಲಸ ಸಿಗುವ ಮೊದಲೇ ಕೆಲಸ ಉಳಿಸಿಕೊಳ್ಳುವ ಖರ್ಚು.

ಆ 14 ತಿಂಗಳಲ್ಲಿ ಏನೇನಾಯಿತು ಅಂತ ಉದ್ದ ಮಾಡುವುದಿಲ್ಲ. ಹಳೇ ಕಂಪನಿ ವಾಪಸ್ ತಗೊಳ್ಳಲಿಲ್ಲ. ಒಂದು ಸಂಬಂಧ ಬಂದು “ಆರ್ಡರ್ ಬರಲಿ ನೋಡುವ” ಅಂತ ನಿಂತು, ನಿಂತಲ್ಲೇ ಹೋಯಿತು. ಪ್ರತಿ ವಿಚಾರಣೆಯ ಹಿಂದಿನ ರಾತ್ರಿ ಮನೆಯಲ್ಲಿ ಯಾರಿಗೂ ಸರಿ ನಿದ್ದೆಯಿಲ್ಲ. ಬೆಳಿಗ್ಗೆ ನೋಡಿದರೆ ಮುಂದೂಡಿಕೆ. ಕೊನೆಗೊಂದು ದಿನ ಅರ್ಜಿ ವಜಾ ಆಯಿತು. ಹತ್ತು ನಿಮಿಷವೂ ಹಿಡಿಯಲಿಲ್ಲವಂತೆ. ನೀವು ಯಾರು ಅಂತ ನ್ಯಾಯಾಧೀಶರು ಕೇಳಿದ್ದಕ್ಕೆ ಆ ಕಡೆಯಿಂದ ಸರಿಯಾದ ಉತ್ತರ ಬರಲಿಲ್ಲ. ಈ ಪ್ರಶ್ನೆಯನ್ನು ಮೊದಲ ದಿನವೇ ಕೇಳಿದ್ದರೆ? ಇದು ನಮ್ಮ ಗೆಳತಿಯ ಪ್ರಶ್ನೆ. ನಮ್ಮ ಹತ್ತಿರ ಉತ್ತರ ಇಲ್ಲ.

ನಾವು ಎಂಜಿನಿಯರಿಂಗಿನವರು, ಲೆಕ್ಕ ಹಾಕದೆ ಇರಲಾಗುವುದಿಲ್ಲ. ಒಂದು ಪಟ್ಟಿಯಲ್ಲಿ 80 ಜನ ಅಂತ ಹಿಡಿಯಿರಿ. ತಿಂಗಳಿಗೆ 40 ಸಾವಿರ ಸಂಬಳ. 14 ತಿಂಗಳಿಗೆ 4 ಕೋಟಿ 48 ಲಕ್ಷ. ಇದು ಬರೀ ಸಂಬಳ. ಇದರ ಎದುರು ಕ್ಷುಲ್ಲಕ ಅರ್ಜಿಗೆ ಕೋರ್ಟು ಹಾಕುವ ದಂಡ ಎಷ್ಟು ನೋಡಿ. ನಾಗಪುರದ ದತ್ತರಾಜ್ ನಾಥೂಜಿ ಠವರೆ ಪ್ರಕರಣದಲ್ಲಿ ಪಿಐಎಲ್ ಹಾಕಿದ್ದವರು ಸ್ವತಃ ವಕೀಲರು. ಅಕ್ರಮ ಕಟ್ಟಡಗಳ ವಿರುದ್ಧ ಅರ್ಜಿ ಹಾಕಿ, ಅದನ್ನು ಬಿಡಲು ಎದುರು ಪಾರ್ಟಿಯಿಂದ ದುಡ್ಡು ತಗೊಳ್ಳುವಾಗ ಸಿಕ್ಕಿಬಿದ್ದರು. ಹೈಕೋರ್ಟು ಹಾಕಿದ ದಂಡ 25 ಸಾವಿರ. 2004ರ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟು ಅದನ್ನು ಎತ್ತಿಹಿಡಿಯಿತು. ಪಿಐಎಲ್‌ನಲ್ಲಿರುವ ‘ಪಿ’ ಪಬ್ಲಿಕ್ ಹೋಗಿ ಪಬ್ಲಿಸಿಟಿ ಆಗುತ್ತಿದೆ, ಪ್ರೈವೇಟ್ ಆಗುತ್ತಿದೆ, ಪೈಸಾ ಆಗುತ್ತಿದೆ ಅಂತ ನ್ಯಾಯಮೂರ್ತಿಗಳು ಬೇಸರ ಮಾಡಿಕೊಳ್ಳಲು ಶುರುಮಾಡಿದ್ದು ಈ ಕಾಲದಲ್ಲೇ.

2010ರ ಜನವರಿಯಲ್ಲಿ ತೀರ್ಪಾದ ಉತ್ತರಾಖಂಡದ ಬಲವಂತ್ ಸಿಂಗ್ ಚೌಫಾಲ್ ಪ್ರಕರಣ ನಗು ಬರಿಸುವಂಥದ್ದು. ರಾಜ್ಯದ ಅಡ್ವೊಕೇಟ್ ಜನರಲ್ ಆಗಿ ನೇಮಕವಾದವರಿಗೆ 62 ದಾಟಿದೆ, ಹೈಕೋರ್ಟ್ ನ್ಯಾಯಾಧೀಶರ ನಿವೃತ್ತಿ ವಯಸ್ಸು 62, ಆದ್ದರಿಂದ ಇವರ ನೇಮಕ ಅಸಿಂಧು ಅಂತ ಪಿಐಎಲ್. ಆದರೆ ಅಡ್ವೊಕೇಟ್ ಜನರಲ್ ಹುದ್ದೆಗೆ ಆ ವಯಸ್ಸಿನ ಮಿತಿ ಇಲ್ಲ ಅಂತ ನಾಗಪುರ ಹೈಕೋರ್ಟು ದಶಕಗಳ ಹಿಂದೆಯೇ ತೀರ್ಮಾನಿಸಿತ್ತು. ದೇಶದ ಮೊದಲ ಅಟಾರ್ನಿ ಜನರಲ್ ಎಂ.ಸಿ. ಸೆಟಲ್ವಾಡ್ 1950ರಲ್ಲಿ ಅಧಿಕಾರ ವಹಿಸಿಕೊಂಡಾಗಲೇ ಅವರಿಗೆ 65. ಲೈಬ್ರರಿಯಲ್ಲಿ ಒಂದು ಮಧ್ಯಾಹ್ನ ಕೂತಿದ್ದರೆ ಗೊತ್ತಾಗುತ್ತಿದ್ದ ವಿಷಯಕ್ಕೆ ಹಲವು ವರ್ಷದ ವ್ಯಾಜ್ಯ! ಸುಪ್ರೀಂ ಕೋರ್ಟು 1 ಲಕ್ಷ ದಂಡ ಹಾಕಿತು. ಅರ್ಜಿ ಹಾಕುವವರು ಯಾರು, ಅವರ ಉದ್ದೇಶ ಏನು ಅಂತ ಮೊದಲೇ ಪರಿಶೀಲಿಸಲು ಪ್ರತಿ ಹೈಕೋರ್ಟೂ ನಿಯಮ ಮಾಡಬೇಕು ಅಂತಲೂ ಹೇಳಿತು. ನಮ್ಮ ಹೈಕೋರ್ಟಿನ ಪಿಐಎಲ್ ನಿಯಮಗಳು ಬಂದದ್ದು 2018ರಲ್ಲಿ.

ಇಷ್ಟು ಹೇಳಿ ನಿಲ್ಲಿಸಿದರೆ ಮೇಜಿನ ಇನ್ನೊಂದು ತುದಿಯಲ್ಲಿ ಕೂತವನಿಗೆ ಅನ್ಯಾಯ ಮಾಡಿದ ಹಾಗೆ. ಅವನ ವಾದ ಕೇಳಿ. “ಹೊರಗಿನವರು ಬರಬಾರದು ಅನ್ನುತ್ತೀರಿ. ಒಳಗಿನವರು ಹೆದರಿ ಬಾಯಿ ಮುಚ್ಚಿದರೆ? ಈ ಸಲ ದೂರು ಕೊಟ್ಟರೆ ಮುಂದಿನ ಸಲ ಸಂದರ್ಶನದಲ್ಲಿ ನನ್ನ ಕಥೆ ಏನು ಅಂತ ಎಲ್ಲರೂ ಸುಮ್ಮನಿದ್ದರೆ?” ಇದು ಸುಳ್ಳಲ್ಲ. 2011ನೇ ಸಾಲಿನ ಕೆಪಿಎಸ್‌ಸಿ ಗೆಜೆಟೆಡ್ ಪ್ರೊಬೇಷನರ್ ನೇಮಕಾತಿ ನೋಡಿ. 362 ಹುದ್ದೆ. ಸಂದರ್ಶನಕ್ಕೆ ಹೋಗಿದ್ದ ಒಬ್ಬ ಅಭ್ಯರ್ಥಿ ಧೈರ್ಯ ಮಾಡಿ ದೂರು ಕೊಟ್ಟ ಮೇಲೆ ಸಿಐಡಿ ತನಿಖೆಯಾಯಿತು. 2014ರಲ್ಲಿ ಸರ್ಕಾರ ಪಟ್ಟಿಯನ್ನೇ ಕೈಬಿಟ್ಟಿತು. 2016ರಲ್ಲಿ ಕೆಎಟಿ, ಅಂದರೆ ಕರ್ನಾಟಕ ಆಡಳಿತ ನ್ಯಾಯಮಂಡಳಿ, ನೇಮಕ ಮಾಡಿ ಅಂದಿತು. 2018ರ ಮಾರ್ಚಿನಲ್ಲಿ ಹೈಕೋರ್ಟು ಅದನ್ನು ರದ್ದು ಮಾಡಿತು. 2022ರಲ್ಲಿ ಆ ಆಯ್ಕೆಯನ್ನು ಊರ್ಜಿತಗೊಳಿಸಲು ವಿಧಾನಮಂಡಲ ಕಾಯ್ದೆಯನ್ನೇ ತಂದಿತು. ಅಧಿಸೂಚನೆ ಬಂದಾಗ 24 ಆಗಿದ್ದವನಿಗೆ ಅಷ್ಟೊತ್ತಿಗೆ 35. ಆ ಪಟ್ಟಿಯಲ್ಲಿ ಪ್ರಾಮಾಣಿಕವಾಗಿ ಓದಿ ಪಾಸಾದವರೂ ಇದ್ದಿರಲೇಬೇಕಲ್ಲ, ಅವರ ಆ ವರ್ಷಗಳಿಗೆ ಯಾರೂ ಲೆಕ್ಕ ಕೊಡುವುದಿಲ್ಲ.

ಪಿಎಸ್‌ಐ ಹಗರಣ ನಿಮಗೆಲ್ಲ ನೆನಪಿರಬೇಕು. 545 ಹುದ್ದೆಗೆ 2021ರ ಅಕ್ಟೋಬರ್ 3ರಂದು ಸುಮಾರು 54 ಸಾವಿರ ಜನ ಪರೀಕ್ಷೆ ಬರೆದರು. ಒಎಂಆರ್ ಹಾಳೆಗಳ ಅಕ್ರಮ ಬಯಲಾಗಿ 2022ರ ಏಪ್ರಿಲ್ 29ರಂದು ಸರ್ಕಾರ ಇಡೀ ನೇಮಕಾತಿಯನ್ನು ರದ್ದು ಮಾಡಿತು. ಆಯ್ಕೆಯಾಗಿದ್ದವರು ಕೋರ್ಟಿಗೆ ಹೋದರು. ನೀವು ಯಾರು ಅಂತ ಅವರನ್ನು ಕೇಳುವ ಅಗತ್ಯವೇ ಇರಲಿಲ್ಲ, ಹೋದದ್ದು ಅವರದೇ ಕೆಲಸ. 2023ರ ನವೆಂಬರಿನಲ್ಲಿ ಹೈಕೋರ್ಟು ಮರುಪರೀಕ್ಷೆಯೇ ಸರಿ ಅಂದಿತು. 2024ರ ಜನವರಿಯಲ್ಲಿ ಮತ್ತೆ ಪರೀಕ್ಷೆ. ಅರ್ಜಿ ಸೋಲುವುದು ಬೇರೆ, ಕ್ಷುಲ್ಲಕವಾಗುವುದು ಬೇರೆ. ಆಯ್ಕೆಯಾಗಿದ್ದವರ ಅರ್ಜಿ ಸೋತಿತು, ಆದರೆ ಅದನ್ನು ಉಸಾಬರಿ ಅನ್ನಲು ಯಾರಿಗೂ ಬಾಯಿ ಬರುವುದಿಲ್ಲ.

ಹೊರಗಿನವರಿಂದ ಒಳ್ಳೆಯದಾದದ್ದೂ ಉಂಟು. ಕೇಂದ್ರ ಜಾಗೃತ ಆಯುಕ್ತರಾಗಿ ಪಿ.ಜೆ. ಥಾಮಸ್ ಅವರನ್ನು ನೇಮಿಸಿದ್ದನ್ನು 2011ರ ಮಾರ್ಚಿನಲ್ಲಿ ಸುಪ್ರೀಂ ಕೋರ್ಟು ರದ್ದು ಮಾಡಿದ್ದು ಹೊರಗಿನವರ ಅರ್ಜಿಯ ಮೇಲೆಯೇ. ಅವರ ಮೇಲೆ ಬಾಕಿ ಇದ್ದ ಕೇಸನ್ನು ಆಯ್ಕೆ ಸಮಿತಿ ಗಣನೆಗೆ ತಗೊಂಡಿರಲಿಲ್ಲ. ಅಂಥ ಕುರ್ಚಿಗೆ ಸ್ಪರ್ಧಿಗಳೇ ಇರುವುದಿಲ್ಲ, ನೊಂದ ಅಭ್ಯರ್ಥಿ ಅಂತ ಯಾರು ಬರಬೇಕು? ಕೋ ವಾರಂಟೊ ಎಂಬ ಕಿಂಡಿ ಇರುವುದು ಇದಕ್ಕೇ. ಮೇಲಿನ ಕುರ್ಚಿಗಳಿಗೆ ಈ ಕಿಂಡಿ ಸ್ವಲ್ಪ ದೊಡ್ಡದಿದ್ದರೂ ನಮ್ಮ ತಕರಾರಿಲ್ಲ. ಕಿರಿಯ ಎಂಜಿನಿಯರ್ ಹುದ್ದೆಯ ಪಟ್ಟಿಗೆ ಮಾತ್ರ ಬೇಡ. ಅಲ್ಲಿ ಪ್ರತಿ ಸೀಟಿನ ಹಿಂದೆ ನೂರಾರು ಜನ ಸ್ಪರ್ಧಿಗಳು ಇದ್ದೇ ಇರುತ್ತಾರೆ.

ನಮ್ಮನ್ನು ನಿಜವಾಗಿ ಕಾಡಿದ್ದು 2006ರ ಏಪ್ರಿಲ್ 10ರ ಉಮಾದೇವಿ ತೀರ್ಪು. ಅದೂ ಕರ್ನಾಟಕದ್ದೇ. ವಾಣಿಜ್ಯ ತೆರಿಗೆ ಇಲಾಖೆಯಲ್ಲಿ ವರ್ಷಗಟ್ಟಲೆ ದಿನಗೂಲಿಯಲ್ಲಿ ದುಡಿದವರು ಖಾಯಂ ಮಾಡಿ ಅಂತ ಕೇಳಿದ್ದರು. ಐವರು ನ್ಯಾಯಮೂರ್ತಿಗಳ ಪೀಠ ಆಗುವುದಿಲ್ಲ ಅಂದಿತು. ಜಾಹೀರಾತು ಕೊಟ್ಟು ನೇಮಿಸಿದ್ದರೆ ಅರ್ಜಿ ಹಾಕಬಹುದಾಗಿದ್ದ ಅಸಂಖ್ಯ ನಿರುದ್ಯೋಗಿಗಳ ಹಕ್ಕು ಏನಾಗಬೇಕು ಎಂಬುದು ಅದರ ಮುಖ್ಯ ಕಾರಣಗಳಲ್ಲಿ ಒಂದು. ಮಂಜೂರಾದ ಹುದ್ದೆಯಲ್ಲಿ, ಕೋರ್ಟಿನ ಆದೇಶದ ಬಲವಿಲ್ಲದೆ 10 ವರ್ಷ ದುಡಿದ ಅರ್ಹರಿಗೆ ಒಂದು ಸಲದ ವಿನಾಯಿತಿ ಕೊಟ್ಟಿತು, ಅದು ಸರಿ. ಆದರೆ ಗಮನಿಸಿ, ಆ ನಿರುದ್ಯೋಗಿಗಳು ಯಾರೂ ಕೋರ್ಟಿಗೆ ಬಂದು ಕೇಳಿರಲಿಲ್ಲ. ಬಾರದವರ ಪರವಾಗಿ ಕೋರ್ಟೇ ಯೋಚಿಸಿತು. ಬಾರದವರ ಪರವಾಗಿ ಬರುತ್ತೇವೆ ಅನ್ನುವ ಉಸಾಬರಿಯವರನ್ನು ಹೊರಗೆ ಕಳಿಸುವುದೂ ಅದೇ ಕೋರ್ಟು. ಇದರಲ್ಲಿ ವಿರೋಧ ಇದೆ ಅಂತ ನಮ್ಮಲ್ಲಿ ಇಬ್ಬರು, ಇಲ್ಲ ಅಂತ ಇಬ್ಬರು. ಮತ ಸಮಬಲ.

ಮೇಜಿನ ಆ ತುದಿಯವನ ಅಣ್ಣನ ವಿಷಯ ಬಾಕಿ ಉಂಟು. ಅವನು ಬರೆದದ್ದು ಒಂದು ಇಲಾಖೆಯ ಪರೀಕ್ಷೆ. ತಾತ್ಕಾಲಿಕ ಪಟ್ಟಿ ಬಂದಾಗ ಅವನ ಮೇಲಿನ ಹೆಸರಿಗೆ ಗ್ರಾಮೀಣ ಮೀಸಲಾತಿ ಕೊಟ್ಟಿದ್ದರು. ಆ ಅಭ್ಯರ್ಥಿ ಹೈಸ್ಕೂಲು ಓದಿದ್ದು ಪೇಟೆಯಲ್ಲಿ ಅಂತ ಇವನಿಗೆ ಗೊತ್ತಿತ್ತು. ಇವನು ಪಿಐಎಲ್ ಅಂತ ಕೂಗಾಡಲಿಲ್ಲ. ಆಕ್ಷೇಪಣೆಗೆ ಕೊಟ್ಟ ದಿನದೊಳಗೆ ಬರೆದು ಕೊಟ್ಟ, ಸ್ವೀಕೃತಿ ಮುದ್ರೆ ಹಾಕಿಸಿಕೊಂಡ. ಆಕ್ಷೇಪಣೆ ತಿರಸ್ಕೃತವಾಯಿತು, ಕಾರಣ ಕೊಡಲಿಲ್ಲ. ಮಾಹಿತಿ ಹಕ್ಕಿನಲ್ಲಿ ಕಾರಣ ಕೇಳಿದ. ಆಮೇಲೆ ಬೆಂಗಳೂರಿನ ಕೆಎಟಿಗೆ ಹೋದ. ಅಂತಿಮ ಆದೇಶವಾಗಿ ಒಂದು ವರ್ಷದೊಳಗೆ ಹೋಗಬೇಕು, ಅದಕ್ಕೂ ಮೊದಲು ಇಲಾಖೆಯೊಳಗೆ ಇರುವ ದಾರಿ ಮುಗಿಸಿರಬೇಕು ಅಂತ ಕಾಯ್ದೆಯಲ್ಲಿದೆ. ಆಯ್ಕೆಯಾದ ಅಭ್ಯರ್ಥಿಯನ್ನೂ ಹೆಸರು ಹಾಕಿ ಪ್ರತಿವಾದಿ ಮಾಡಿದ್ದಾನೆ, ಅವರಿಗೂ ಹೇಳಲು ಏನಾದರೂ ಇರುತ್ತದಲ್ಲ ಅಂತ.

ಮೊದಲ ದಿನ ಎದುರು ವಕೀಲರು ನಿರೀಕ್ಷೆಯಂತೆ ಎದ್ದು ನಿಂತು, ಇವರು ಯಾರು, ಇವರಿಗೇನು ನಷ್ಟ ಅಂತ ಕೇಳಿದರಂತೆ. ಇವನ ವಕೀಲರ ಉತ್ತರ ಒಂದೇ ಸಾಲು: ಇದು ಇವರ ನೋಂದಣಿ ಸಂಖ್ಯೆ, ಇದು ಇವರ ಅಂಕ, ಆ ಒಂದು ಹೆಸರು ತೆಗೆದರೆ ಮುಂದಿನ ಹೆಸರು ಇವರದು.

ನಾವು ಓದಿದ ಅಷ್ಟೂ ತೀರ್ಪುಗಳಿಗಿಂತ ಲೋಕಸ್ ಸ್ಟಾಂಡೈ ಅಂದರೆ ಏನು ಅಂತ ಈ ಸಾಲಿನಿಂದಲೇ ಅರ್ಥವಾಯಿತು.

ಅಣ್ಣ ಗೆಲ್ಲುತ್ತಾನೋ ಇಲ್ಲವೋ ಗೊತ್ತಿಲ್ಲ. ಆ ಅಭ್ಯರ್ಥಿಯ ಹತ್ತಿರ ಸರಿಯಾದ ಪ್ರಮಾಣಪತ್ರ ಇದ್ದರೂ ಇರಬಹುದು. ಪ್ರತಿ ದಿನಾಂಕಕ್ಕೂ ಪಡುಬಿದ್ರಿಯಲ್ಲಿ ರಾತ್ರಿ ಬಸ್ಸು ಹತ್ತಿ, ಬೆಳಿಗ್ಗೆ ಮೆಜೆಸ್ಟಿಕ್ಕಿನಲ್ಲಿ ಮುಖ ತೊಳೆದುಕೊಂಡು ಹೋಗುತ್ತಾನೆ. ಹೋದ ಸಲ ಅಕ್ಕನೇ ಫೋನ್ ಮಾಡಿ, ತನ್ನ ಕೇಸಿನಲ್ಲಿ ವಕೀಲರು ಕೇಳಿದ್ದ ಕಾಗದಗಳ ಪಟ್ಟಿಯನ್ನು ಅವನಿಗೆ ಹೇಳಿದಳು. ಮುಂದಿನ ವಿಚಾರಣೆ ನಮ್ಮ ಎರಡನೇ ಇಂಟರ್ನಲ್ಸ್ ವಾರದಲ್ಲೇ ಬಿದ್ದಿದೆ.